ಡಬ್ಲ್ಯೂಎಸ್‌ಎಂ 650: ವಿಮೆ ಕಂಪನಿಯೊಂದರ ರೇಡಿಯೋ ಕಂಟ್ರಿ ಸಂಗೀತದ ಮನೆಯಾದ ಬಗೆ

ಮಧ್ಯಮತರಂಗ

ಕಂಟ್ರಿ ಸಂಗೀತದ ರೇಡಿಯೋ ಅಂದರೆ ಎಲ್ಲರೂ ಶನಿವಾರ ರಾತ್ರಿಯ ಗ್ರ್ಯಾಂಡ್ ಓಲ್ ಓಪ್ರಿ ಎಂಬ ಹಾಡಿನ ಕಾರ್ಯಕ್ರಮದ ಹೆಸರು ಹೇಳಿ ಸುಮ್ಮನಾಗುತ್ತಾರೆ. ಅದನ್ನು ಊರೂರಿಗೆ ಮುಟ್ಟಿಸಿದ ಅಮೆರಿಕದ ನ್ಯಾಶ್‌ವಿಲ್‌ನ ಡಬ್ಲ್ಯೂಎಸ್‌ಎಂ ಕೇಂದ್ರದ ಕಥೆ ಕನ್ನಡದಲ್ಲಿ ಎಲ್ಲೂ ಪೂರ್ತಿಯಾಗಿ ಸಿಗುವುದಿಲ್ಲ. ಗೊತ್ತಿರುವವರು ಸೇರಿಸುತ್ತ ಹೋಗಿ, ನಾನು ಬುಡದಿಂದ ಶುರು ಮಾಡುತ್ತೇನೆ.

ಕೇಂದ್ರ ಗಾಳಿಗೆ ಬಂದದ್ದು 1925ರ ಅಕ್ಟೋಬರ್ 5ರಂದು. ಒಡೆಯರು ನ್ಯಾಷನಲ್ ಲೈಫ್ ಅಂಡ್ ಆಕ್ಸಿಡೆಂಟ್ ಇನ್ಶೂರೆನ್ಸ್ ಕಂಪನಿ. ಲಕ್ಷಾಂತರ ಜನಕ್ಕೆ ನಾವೇ ಗುರಾಣಿ ಎಂಬರ್ಥದ ಅವರ ಘೋಷವಾಕ್ಯ 'ವಿ ಶೀಲ್ಡ್ ಮಿಲಿಯನ್ಸ್', ಅದರ ಮೊದಲಕ್ಷರಗಳೇ ಕೇಂದ್ರದ ಕರೆಗುರುತು. ಅಮೆರಿಕದಲ್ಲಿ ಆಗ ಇದು ರೂಢಿ. ಷಿಕಾಗೋದ ಡಬ್ಲ್ಯೂಎಲ್‌ಎಸ್ ಕೂಡ ಸಿಯರ್ಸ್ ಅಂಗಡಿಯ 'ವರ್ಲ್ಡ್ಸ್ ಲಾರ್ಜೆಸ್ಟ್ ಸ್ಟೋರ್' ಜಾಹೀರಾತೇ.

ಈ ಕಂಪನಿ ಮಾರುತ್ತಿದ್ದದ್ದು ಸಣ್ಣ ಮೊತ್ತದ ಕಾಯಿಲೆ, ಅಪಘಾತ, ಜೀವವಿಮೆ. ಏಜೆಂಟ್ ವಾರವಾರ ಮನೆ ಬಾಗಿಲಿಗೆ ಹೋಗಿ ಕೆಲವೇ ಸೆಂಟ್‌ಗಳ ಕಂತು ವಸೂಲು ಮಾಡಬೇಕು. ಬಾಗಿಲು ತೆಗೆಸುವುದೇ ಅವನ ಕಷ್ಟ. 'ಶನಿವಾರ ರಾತ್ರಿ ನೀವು ಕೇಳುವ ಪಿಟೀಲು ನಮ್ಮದೇ ರೇಡಿಯೋದ್ದು' ಅಂದರೆ ಬಾಗಿಲು ತೆರೆಯುತ್ತಿತ್ತು. ಸಂಸ್ಥಾಪಕರ ಮಗ ಎಡ್ವಿನ್ ಕ್ರೇಗ್ ಹಠ ಹಿಡಿದು ರೇಡಿಯೋ ಹಾಕಿಸಿದ್ದರ ವ್ಯವಹಾರದ ಲೆಕ್ಕ ಇದು.

ಒಂದು ವಿಷಯವನ್ನು ಮೊದಲೇ ಹೇಳಿಬಿಡುತ್ತೇನೆ, ಬೇಕಾದವರು ಜಗಳ ಆಡಿ: ಡಬ್ಲ್ಯೂಎಸ್‌ಎಂ ತನ್ನ ಬಾಳಿನ ಮೊದಲರ್ಧದಲ್ಲಿ ಕಂಟ್ರಿ ಸ್ಟೇಷನ್ ಆಗಿರಲೇ ಇಲ್ಲ. ವಾರದ ಉಳಿದ ದಿನ ವಾದ್ಯಮೇಳ, ನೃತ್ಯಸಂಗೀತ, ಸುದ್ದಿ, ನಾಟಕ, ಎನ್‌ಬಿಸಿ ಜಾಲದ ಕಾರ್ಯಕ್ರಮ. ಕಂಟ್ರಿ ಇದ್ದದ್ದು ಮುಖ್ಯವಾಗಿ ಶನಿವಾರ ರಾತ್ರಿ. ಆ ಒಂದು ರಾತ್ರಿ ಇಡೀ ಕೇಂದ್ರವನ್ನು ನುಂಗಿದ್ದಕ್ಕೆ ಕಾರಣ ಪಿಟೀಲಿಗಿಂತ ಹೆಚ್ಚಾಗಿ 650 ಕಿಲೋಹರ್ಟ್ಸ್ ಎಂಬ ಜಾಗ, 50 ಕಿಲೋವಾಟ್ ಶಕ್ತಿ, ಮತ್ತು ನ್ಯಾಶ್‌ವಿಲ್ ಪಕ್ಕದ ಬ್ರೆಂಟ್‌ವುಡ್‌ನ ಪ್ರಸಾರ ಗೋಪುರ.

ಪಿಟೀಲುಪದ್ಮ

ಜಗಳಕ್ಕೆ ನಾನೇ ಮೊದಲು. ಗೋಪುರ ಕಟ್ಟಿದ್ದು 1932ರಲ್ಲಿ. ಅದಕ್ಕೆ ಏಳು ವರ್ಷ ಮೊದಲೇ ಶನಿವಾರದ ಹಾಡು ಕೇಳುಗರನ್ನು ಹಿಡಿದಿತ್ತು.

1925ರ ನವೆಂಬರ್ 28ರ ರಾತ್ರಿ ಜಾರ್ಜ್ ಡಿ. ಹೇ ಎಂಬ ಉದ್ಘೋಷಕರು ಅಂಕಲ್ ಜಿಮ್ಮಿ ಥಾಂಪ್ಸನ್‌ರನ್ನು ಮೈಕ್ ಮುಂದೆ ಕೂರಿಸಿದರು. ಥಾಂಪ್ಸನ್‌ಗೆ 77 ವರ್ಷ, ಪಿಯಾನೋ ಸಾಥ್ ಕೊಟ್ಟವರು ಅವರ ಸಂಬಂಧಿ ಈವಾ ಥಾಂಪ್ಸನ್ ಜೋನ್ಸ್. ಒಂದು ಗಂಟೆ ನುಡಿಸಿದರು. ಓಪ್ರಿ ತನ್ನ ಹುಟ್ಟುಹಬ್ಬ ಎಂದು ಎಣಿಸುವುದು ಇದೇ ದಿನವನ್ನು. ಆದರೆ ಡಾ. ಹಂಫ್ರಿ ಬೇಟ್ ಎಂಬ ವೈದ್ಯರು ಹಾರ್ಮೋನಿಕಾ ಹಿಡಿದು ತಮ್ಮ ತಂಡದ ಜೊತೆ ಇದಕ್ಕೂ ಮೊದಲೇ ಇದೇ ಕೇಂದ್ರದಲ್ಲಿ ನುಡಿಸಿದ್ದರು. ಹೇ ಆಗಿನ್ನೂ ಬಂದಿರಲಿಲ್ಲ. 'ಹೇ ಹುಟ್ಟುಹಾಕಿದರು' ಅನ್ನುವುದಕ್ಕಿಂತ 'ಹೇ ಚೌಕಟ್ಟು ಹಾಕಿದರು' ಅನ್ನುವುದು ಸರಿ. ಆ ಚೌಕಟ್ಟನ್ನೂ ಅವರು ಷಿಕಾಗೋದಿಂದ ತಂದದ್ದು. ಡಬ್ಲ್ಯೂಎಲ್‌ಎಸ್‌ನ ಬಾರ್ನ್ ಡಾನ್ಸ್ 1924ರಲ್ಲೇ ಶುರುವಾಗಿತ್ತು, ಹೇ ಅಲ್ಲಿದ್ದವರು. ಅದಕ್ಕೂ ಮೊದಲು, 1923ರ ಜನವರಿಯಲ್ಲಿ, ಟೆಕ್ಸಸ್‌ನ ಫೋರ್ಟ್‌ವರ್ತ್‌ನ ಡಬ್ಲ್ಯೂಬಿಎಪಿ ಇಂಥದ್ದು ಮಾಡಿತ್ತು.

ಇಲ್ಲಿನ ಕಾರ್ಯಕ್ರಮಕ್ಕೂ ಮೊದಲು ಬಾರ್ನ್ ಡಾನ್ಸ್ ಎಂದೇ ಹೆಸರು, ಅದು ಬದಲಾದದ್ದು 1927ರ ಡಿಸೆಂಬರ್‌ನಲ್ಲಿ. ಎನ್‌ಬಿಸಿಯಿಂದ ವಾಲ್ಟರ್ ಡ್ಯಾಮ್ರಾಶ್‌ರ ಶಾಸ್ತ್ರೀಯ ಸಂಗೀತದ ಗಂಟೆ ಮುಗಿದ ಮೇಲೆ ಬಾರ್ನ್ ಡಾನ್ಸ್ ಸರದಿ. ಡಿಫೋರ್ಡ್ ಬೇಲಿ ಹಾರ್ಮೋನಿಕಾದಲ್ಲಿ ರೈಲು ಓಡಿಸಿದರು. ಇಷ್ಟು ಹೊತ್ತು ಗ್ರ್ಯಾಂಡ್ ಆಪೆರಾ ಕೇಳಿದಿರಿ, ಇನ್ನು ಮುಂದೆ ಗ್ರ್ಯಾಂಡ್ ಓಲ್ ಓಪ್ರಿ ಎಂಬರ್ಥದ ಹೇ ಅವರ ಚಟಾಕಿ ಹಾಗೇ ಉಳಿದುಕೊಂಡಿತು.

ಹಳ್ಳಿತನವೂ ಅರ್ಧ ವೇಷವೇ. ಡಾ. ಬೇಟ್ ತಂಡದವರು ಮೊದಮೊದಲು ಸೂಟ್ ಹಾಕಿಕೊಂಡು ಫೋಟೋಗೆ ನಿಂತವರು. ಹೇ ಬಂದ ಮೇಲೆ ಅವರು 'ಪಾಸಮ್ ಹಂಟರ್ಸ್' ಆದರು, ಇನ್ನೊಂದು ತಂಡ 'ಗಲ್ಲಿ ಜಂಪರ್ಸ್', ಮತ್ತೊಂದು 'ಫ್ರೂಟ್ ಜಾರ್ ಡ್ರಿಂಕರ್ಸ್'. ಹೊಲದ ಉಡುಪು, ಹುಲ್ಲಿನ ಟೋಪಿ. ತನ್ನನ್ನು 'ಸಾಲಮ್ ಓಲ್ಡ್ ಜಡ್ಜ್' ಎಂದು ಕರೆದುಕೊಳ್ಳುತ್ತಿದ್ದ ಹೇ ಅವರಿಗೆ ಕಾರ್ಯಕ್ರಮ ಶುರುವಾದಾಗ ಬರೀ 30 ವರ್ಷ!

ಗೈತಂತಿ

ಮೇಡಂ, ಕೇಳುಗರನ್ನು ಹಿಡಿದಿತ್ತು ಸರಿ, ಎಷ್ಟು ದೂರದ ಕೇಳುಗರನ್ನು? 1925ರಲ್ಲಿ ಶಕ್ತಿ 1,000 ವಾಟ್, 1927ರಲ್ಲಿ 5,000. 1928ರ ನವೆಂಬರ್ 11ರ ಮರುಹಂಚಿಕೆಯಲ್ಲಿ 40 ಚಾನೆಲ್‌ಗಳನ್ನು 'ಕ್ಲಿಯರ್ ಚಾನೆಲ್' ಎಂದು ಮೀಸಲಿಟ್ಟರು. ಅಂಥ ಚಾನೆಲ್‌ನಲ್ಲಿ ರಾತ್ರಿ ಹೊತ್ತು ದೇಶಕ್ಕೆಲ್ಲ ಒಂದೇ ಪ್ರಬಲ ಕೇಂದ್ರ. 650 ಇವರ ಪಾಲಾಯಿತು. ನನ್ನ ಪ್ರಕಾರ ಕೇಂದ್ರದ ಇತಿಹಾಸದಲ್ಲಿ ಇದಕ್ಕಿಂತ ದೊಡ್ಡ ದಿನ ಇಲ್ಲ. ಹಗಲು ಮೇಲಿನ ವಾತಾವರಣದ ವಿದ್ಯುತ್ಕಣಗಳ ಪದರ, ಅಂದರೆ ಅಯಾನುಗೋಲದ ಕೆಳಭಾಗ ಮಧ್ಯಮ ತರಂಗವನ್ನು ಹೀರಿಬಿಡುತ್ತದೆ. ಸೂರ್ಯ ಮುಳುಗಿದ ಮೇಲೆ ಆ ಪದರ ಕರಗಿ, ಮೇಲಿನ ಪದರ ಸಂಕೇತವನ್ನು ಸಾವಿರಾರು ಕಿ.ಮೀ. ಆಚೆ ಇಳಿಸುತ್ತದೆ. ಇಳಿದ ಕಡೆ ಅದೇ ಆವರ್ತನದಲ್ಲಿ ಬೇರೆ ಕೇಂದ್ರ ಇದ್ದರೆ ಇಬ್ಬರದೂ ಕಲಸುಮೇಲೋಗರ. ಚಾನೆಲ್ ಖಾಲಿ ಇದ್ದರೆ ಮಾತ್ರ ಆ ದೂರಕ್ಕೆ ಬೆಲೆ. ಬೆಂಗಳೂರು ಆಕಾಶವಾಣಿಯ 612 ಕಿಲೋಹರ್ಟ್ಸ್ ಪ್ರೇಷಕ 200 ಕಿಲೋವಾಟ್, ಡಬ್ಲ್ಯೂಎಸ್‌ಎಂನ ನಾಲ್ಕು ಪಟ್ಟು. ಅಮೆರಿಕದಲ್ಲಿ ಎಎಂಗೆ 50ರ ಮೇಲೆ ಅನುಮತಿಯೇ ಇಲ್ಲ. ಆದರೂ ನ್ಯಾಶ್‌ವಿಲ್ ರಾತ್ರಿ ಅಷ್ಟು ದೂರ ಕೇಳಿಸಿದ್ದರ ಗುಟ್ಟು ಈ ಖಾಲಿ ಚಾನೆಲ್.

ಈಗ ಗೋಪುರ. ಪಿಟ್ಸ್‌ಬರ್ಗ್‌ನ ಬ್ಲಾ-ನಾಕ್ಸ್ ಕಂಪನಿಯ ವಜ್ರಾಕಾರದ ಮಾದರಿ: ಬುಡ ಚೂಪು, ನಡು ದಪ್ಪ, ತುದಿ ಮತ್ತೆ ಚೂಪು. ಗೋಪುರವನ್ನು ಎಳೆದು ನಿಲ್ಲಿಸುವ ಗೈ ತಂತಿ ಇರುವುದು ನಡುವಿಗೆ ಮಾತ್ರ. ಒಂದೇ ಮಟ್ಟದಲ್ಲಿ ಬಿಗಿದರೆ ಗಾಳಿಯ ಬಾಗುಬಲ ಅಲ್ಲೇ ಅತಿ ಹೆಚ್ಚು, ಆದ್ದರಿಂದ ಉಕ್ಕನ್ನೂ ಅಲ್ಲೇ ಹೆಚ್ಚು ಹಾಕಿದರು. ಇಡೀ ಭಾರ ಬುಡದ ಪಿಂಗಾಣಿ ಇನ್ಸುಲೇಟರ್ ಮೇಲೆ. ಗೋಪುರವೇ ಆಂಟೆನಾ, ಅದಕ್ಕೆ ಬೇರೆ ತಂತಿ ಇಲ್ಲ.

1932ರಲ್ಲಿ ಎತ್ತರ 878 ಅಡಿ. 1939ರಲ್ಲಿ 70 ಅಡಿ ಕತ್ತರಿಸಿ 808 ಅಡಿ ಮಾಡಿದರು. ಏಕೆ ಅನ್ನುವುದಕ್ಕೆ ಲೆಕ್ಕ ಹಾಕಿ ನೋಡಿ. 650 ಕಿಲೋಹರ್ಟ್ಸ್‌ಗೆ ತರಂಗಾಂತರ ಸುಮಾರು 461 ಮೀಟರ್. 878 ಅಡಿ ಅಂದರೆ 267.6 ಮೀಟರ್, ತರಂಗಾಂತರದ 0.58 ಭಾಗ. 808 ಅಡಿ ಅಂದರೆ 246.3 ಮೀಟರ್, 0.53 ಭಾಗ. ಅರ್ಧ ತರಂಗಾಂತರ ದಾಟಿದ ಲಂಬ ಆಂಟೆನಾ ನೆಲದ ಮೇಲಿನ ಅಲೆಯನ್ನು ಬಲಪಡಿಸುತ್ತದೆ, ಆದರೆ ಜೊತೆಗೆ ಕಡಿದಾದ ಕೋನದಲ್ಲಿ ಆಕಾಶಕ್ಕೂ ಒಂದು ಕವಲು ಹೊರಡಿಸುತ್ತದೆ. ರಾತ್ರಿ ಆ ಕವಲು ಪ್ರತಿಫಲಿಸಿ ಕೇಂದ್ರದಿಂದ ಹೆಚ್ಚು ದೂರವಲ್ಲದ ಊರುಗಳಲ್ಲೇ ಇಳಿದು ನೆಲದ ಅಲೆಗೆ ಎದುರು ಬೀಳುತ್ತದೆ. ಎರಡೂ ಸಮಬಲ, ಹಂತ ವಿರುದ್ಧ ಆದಾಗ ಒಂದನ್ನೊಂದು ಅಳಿಸುತ್ತವೆ. ಮೂಲ ವಾಹಕ ಅಲೆ ಕುಸಿದು ಧ್ವನಿ ಹೊತ್ತ ಪಕ್ಕಪಟ್ಟಿಗಳು ಉಳಿದರೆ ಧ್ವನಿ ಬರೀ ಸಣ್ಣದಾಗುವುದಲ್ಲ, ಕರಕರ ಎಂದು ಒಡೆಯುತ್ತದೆ. 0.53ರ ಆಸುಪಾಸಿನಲ್ಲಿ ಆ ಕವಲು ಚಿಕ್ಕದು, ನೆಲದ ಅಲೆ ಸಾಕಷ್ಟು ಬಲವಾದದ್ದು. ಇಂಥ ಎತ್ತರಕ್ಕೆ ಆಂಟಿ-ಫೇಡಿಂಗ್ ಎಂದೇ ಹೆಸರು.

ವಜ್ರದ ಆಕಾರ ಸಮಸ್ಯೆಯನ್ನು ಇನ್ನಷ್ಟು ಬಿಗಡಾಯಿಸಿತು. ನಡು ದಪ್ಪ ಇದ್ದದ್ದರಿಂದ ಗೋಪುರದುದ್ದಕ್ಕೂ ವಿದ್ಯುತ್ ಹಂಚಿಕೆ ಪುಸ್ತಕದ ಸೈನ್ ರೇಖೆಯಂತೆ ಇರಲಿಲ್ಲ. ಕಾಗದದ ಎತ್ತರ ಒಂದು, ಆಂಟೆನಾ ನಡೆದುಕೊಂಡದ್ದು ಇನ್ನೊಂದು. 1930ರ ದಶಕ ಮುಗಿಯುವಷ್ಟರಲ್ಲಿ ಉದ್ದಕ್ಕೂ ಒಂದೇ ಅಗಲದ, ಹಲವು ಮಟ್ಟದಲ್ಲಿ ಗೈ ಬಿಗಿದ ಗೋಪುರ ಎಲ್ಲ ಕಡೆ ಬಂತು. ಈಗ ಉಳಿದಿರುವ ವಜ್ರಗೋಪುರಗಳು ಕೆಲವೇ: ಸಿನ್ಸಿನಾಟಿಯ ಡಬ್ಲ್ಯೂಎಲ್‌ಡಬ್ಲ್ಯೂ, ಷಾರ್ಲೆಟ್‌ನ ಡಬ್ಲ್ಯೂಬಿಟಿ, ಹಂಗೇರಿಯ ಲಾಕಿಹೆಗಿ ಮುಂತಾದವು. ಬ್ರೆಂಟ್‌ವುಡ್‌ನದು 2011ರಲ್ಲಿ ಅಮೆರಿಕದ ಐತಿಹಾಸಿಕ ಸ್ಥಳಗಳ ರಾಷ್ಟ್ರೀಯ ಪಟ್ಟಿಗೆ ಸೇರಿತು. ಇಂಟರ್‌ಸ್ಟೇಟ್ 65ರಲ್ಲಿ ಹೋಗುವವರಿಗೆ ತಾನಾಗೇ ಕಣ್ಣಿಗೆ ಬೀಳುತ್ತದೆ.

ಹಳೇರೆಕಾರ್ಡು

ಎಂಜಿನಿಯರ್‌ಗಳ ಮಾತು ಬಂತಲ್ಲ, ಜ್ಯಾಕ್ ಡಿವಿಟ್ ಹೆಸರು ಬಿಟ್ಟರೆ ಹೇಗೆ? ಡಬ್ಲ್ಯೂಎಸ್‌ಎಂನ ಮುಖ್ಯ ಎಂಜಿನಿಯರ್. 1940ರಲ್ಲೇ ಚಂದ್ರನಿಗೆ ರೇಡಿಯೋ ಅಲೆ ತಾಗಿಸಿ ಪ್ರತಿಧ್ವನಿ ಹಿಡಿಯಲು ನೋಡಿ ಸೋತರು, ಗ್ರಾಹಕದ ಸೂಕ್ಷ್ಮತೆ ಸಾಲಲಿಲ್ಲ. ಯುದ್ಧಕಾಲದಲ್ಲಿ ಸೇನೆಯ ರಾಡಾರ್ ಕೆಲಸಕ್ಕೆ ಹೋದರು. 1946ರ ಜನವರಿ 10ರಂದು ನ್ಯೂಜೆರ್ಸಿಯ ಕ್ಯಾಂಪ್ ಇವಾನ್ಸ್‌ನಲ್ಲಿ ಅವರ ತಂಡ 111.5 ಮೆಗಾಹರ್ಟ್ಸ್‌ನಲ್ಲಿ ಕಳಿಸಿದ ಸ್ಪಂದನ ಚಂದ್ರನಿಗೆ ಬಡಿದು ಸುಮಾರು ಎರಡೂವರೆ ಸೆಕೆಂಡಿನಲ್ಲಿ ವಾಪಸ್ ಬಂತು. ಪ್ರಾಜೆಕ್ಟ್ ಡಯಾನಾ ಅಂದರೆ ಅದೇ. ಮುಂದಿನ ವರ್ಷ ಅವರೇ ಡಬ್ಲ್ಯೂಎಸ್‌ಎಂ ಅಧ್ಯಕ್ಷರು, 1968ರವರೆಗೆ. ಪಿಟೀಲು, ಬ್ಯಾಂಜೋ ಕೇಂದ್ರದ ಚುಕ್ಕಾಣಿ ಹಿಡಿದವರು ಇಂಥವರು.

ಎಫ್‌ಎಂನಲ್ಲೂ ಇವರದೇ ಮೊದಲ ಹೆಜ್ಜೆ. 1941ರ ಮಾರ್ಚ್ 1ರಂದು ಶುರುವಾದ ಡಬ್ಲ್ಯೂ47ಎನ್‌ವಿ ಅಮೆರಿಕದ ಮೊದಲ ವಾಣಿಜ್ಯ ಎಫ್‌ಎಂ ಕೇಂದ್ರ. 44.7 ಮೆಗಾಹರ್ಟ್ಸ್‌ನಿಂದ '47', ನ್ಯಾಶ್‌ವಿಲ್‌ನಿಂದ 'ಎನ್‌ವಿ'. ಯುದ್ಧದ ನಂತರ ಎಫ್‌ಎಂ ಪಟ್ಟಿಯನ್ನೇ ಮೇಲಕ್ಕೆ, 88-108 ಮೆಗಾಹರ್ಟ್ಸ್‌ಗೆ, ಎತ್ತಿದರು, ಹಳೆಯ ಸೆಟ್ಟುಗಳೆಲ್ಲ ನಿರುಪಯೋಗಿ. ಕೇಳುವವರೇ ಇಲ್ಲದೆ 1951ರಲ್ಲಿ ಅದನ್ನು ಮುಚ್ಚಿದರು.

ಇನ್ನೊಂದು ಕೊಂಡಿ ಮುಖ್ಯ: ಧ್ವನಿಮುದ್ರಣ. ಏರನ್ ಶೆಲ್ಟನ್, ಕಾರ್ಲ್ ಜೆಂಕಿನ್ಸ್, ಜಾರ್ಜ್ ರೆನಾಲ್ಡ್ಸ್ ಎಂಬ ಮೂವರು ಡಬ್ಲ್ಯೂಎಸ್‌ಎಂ ಎಂಜಿನಿಯರ್‌ಗಳು ಕೆಲಸದ ಜೊತೆಜೊತೆಗೇ 1940ರ ದಶಕದ ನಡುವೆ 'ಕ್ಯಾಸಲ್' ಎಂಬ ಸ್ಟುಡಿಯೋ ನಡೆಸಿದರು, ಆಮೇಲೆ ಅದನ್ನು ಟುಲೇನ್ ಹೋಟೆಲಿಗೆ ಒಯ್ದರು. ಕಂಟ್ರಿ ತಾರೆ ಹ್ಯಾಂಕ್ ವಿಲಿಯಮ್ಸ್ ಅಲ್ಲಿ ಹಾಡಿದ್ದಾರೆ. ಕಲಾವಿದ ಶನಿವಾರ ಓಪ್ರಿಗೆ ಹೇಗೂ ಊರಲ್ಲಿರುತ್ತಿದ್ದ, ಮೈಕ್ ಸಂತುಲನ ಗೊತ್ತಿದ್ದ ಎಂಜಿನಿಯರ್ ಅಲ್ಲೇ ಇದ್ದ, ವಾದ್ಯಗಾರರು ಕೇಂದ್ರದ ಸಂಬಳದಲ್ಲಿದ್ದರು. ರೆಕಾರ್ಡ್ ಕಂಪನಿಗಳು ನ್ಯೂಯಾರ್ಕಿಗೆ ಕರೆಸಿಕೊಳ್ಳುವುದನ್ನು ಬಿಟ್ಟು ಇಲ್ಲಿಗೇ ಬಂದದ್ದು ಇದರಿಂದ. 'ಮ್ಯೂಸಿಕ್ ಸಿಟಿ ಯುಎಸ್ಎ' ಎಂಬ ಬಿರುದನ್ನು 1950ರಲ್ಲಿ ಮೈಕಿನಲ್ಲಿ ಮೊದಲು ಉದುರಿಸಿದವರೂ ಡಬ್ಲ್ಯೂಎಸ್‌ಎಂ ಉದ್ಘೋಷಕರೇ, ಡೇವಿಡ್ ಕಾಬ್.

ಒಂದಾಣೆಟಿಕೆಟ್

ಡಿಫೋರ್ಡ್ ಬೇಲಿ ಅವರನ್ನು 1941ರಲ್ಲಿ ತೆಗೆದುಹಾಕಿದ್ದರ ಹಿಂದೆ ಹಾಡಿನ ಹಕ್ಕಿನ ಜಗಳ ಇತ್ತು ಅನ್ನುತ್ತಾರಲ್ಲ, ಅದರ ವಿವರ ಯಾರಾದರೂ ಹೇಳುತ್ತೀರಾ? ಜೊತೆಗೆ ಓಪ್ರಿ ಎಲ್ಲೆಲ್ಲಿ ನಡೆಯಿತು ಅನ್ನುವುದನ್ನೂ.

ಪಿಟೀಲುಪದ್ಮ

ಹಾಡುಗಳ ಹಕ್ಕು ಕಾಯುವ ಆಸ್ಕ್ಯಾಪ್ ಸಂಸ್ಥೆ ರೇಡಿಯೋಗಳಿಂದ ಪಡೆಯುವ ಶುಲ್ಕ ಏರಿಸಲು ಹೊರಟಿತು. ಪ್ರಸಾರಕರು 1939ರಲ್ಲಿ ಬಿಎಂಐ ಎಂಬ ಸ್ವಂತ ಸಂಸ್ಥೆ ಕಟ್ಟಿದರು. 1941ರ ಜನವರಿ 1ರಿಂದ ಆಸ್ಕ್ಯಾಪ್ ಹಾಡುಗಳು ಗಾಳಿಯಿಂದ ಮಾಯ. ಬೇಲಿ ಅವರ ಜನಪ್ರಿಯ ತುಣುಕುಗಳು ಆ ಪಟ್ಟಿಗೆ ಸೇರಿದ್ದವು. ಹೊಸದು ಕಲಿಯಲಿಲ್ಲ ಎಂಬ ಕಾರಣ ಕೊಟ್ಟು ಕಳಿಸಿದರು. ಓಪ್ರಿಯ ಮೊದಲ ತಾರೆಗಳಲ್ಲಿ ಒಬ್ಬ ಕಪ್ಪು ಕಲಾವಿದ ಅವರು. ತಿರುಗಾಟದಲ್ಲಿ ಸಹಕಲಾವಿದರು ಉಳಿದ ಹೋಟೆಲಿನಲ್ಲಿ ಅವರಿಗೆ ಜಾಗ ಸಿಗುತ್ತಿರಲಿಲ್ಲ. ಆಮೇಲೆ ನ್ಯಾಶ್‌ವಿಲ್‌ನಲ್ಲೇ ಶೂ ಪಾಲಿಶ್ ಅಂಗಡಿ ನಡೆಸಿ ಬದುಕಿದರು. 1982ರಲ್ಲಿ ತೀರಿಕೊಂಡರು, ಕಂಟ್ರಿ ಮ್ಯೂಸಿಕ್ ಹಾಲ್ ಆಫ್ ಫೇಮ್‌ಗೆ ಸೇರಿಸಿದ್ದು 2005ರಲ್ಲಿ. ಹಾಡಿನ ಹಕ್ಕಿನ ಜಗಳ ನಿಜ, ಆದರೆ ಅದೇ ಪೂರ್ತಿ ಕಾರಣ ಅಂದರೆ ನಾನು ಒಪ್ಪುವುದಿಲ್ಲ. ಆ ಕಷ್ಟ ಬಿಳಿಯ ಕಲಾವಿದರಿಗೂ ಇತ್ತು, ಅವರು ಉಳಿದರು.

ಜಾಗಗಳ ವಿಷಯ: ಮೊದಲು ವಿಮೆ ಕಂಪನಿಯ ಕಟ್ಟಡದಲ್ಲೇ ಸ್ಟುಡಿಯೋ. ನೋಡಲು ಬಂದವರಿಂದ ಕಚೇರಿಯ ಕಾರಿಡಾರ್ ತುಂಬಿ 1934ರಲ್ಲಿ ಹಿಲ್ಸ್‌ಬೊರೊ ಥಿಯೇಟರ್, 1936ರಲ್ಲಿ ಡಿಕ್ಸಿ ಟ್ಯಾಬರ್ನೇಕಲ್, 1939ರಲ್ಲಿ ವಾರ್ ಮೆಮೋರಿಯಲ್ ಸಭಾಂಗಣ. ಅಲ್ಲಿಯವರೆಗೆ ಬಿಟ್ಟಿ, ಟಿಕೆಟ್ ಹಂಚುತ್ತಿದ್ದವರು ವಿಮೆ ಏಜೆಂಟರು. ಜನ ಕಡಿಮೆಯಾಗಲಿ ಎಂದು 25 ಸೆಂಟ್ ಇಟ್ಟರು, ಕಡಿಮೆಯಾಗಲಿಲ್ಲ. 1943ರಲ್ಲಿ ರೈಮನ್ ಆಡಿಟೋರಿಯಂ. 1892ರಲ್ಲಿ ಪ್ರಾರ್ಥನಾ ಮಂದಿರವಾಗಿ ಕಟ್ಟಿದ್ದು, ಚರ್ಚಿನ ಬೆಂಚು, ಹವಾನಿಯಂತ್ರಣ ಇಲ್ಲ. 1974ರ ಮಾರ್ಚ್ 16ರಂದು ಊರಾಚೆಯ ಹೊಸ ಓಪ್ರಿ ಹೌಸ್, ಆವತ್ತು ಅಧ್ಯಕ್ಷ ನಿಕ್ಸನ್ ಬಂದಿದ್ದರು. ರೈಮನ್ ವೇದಿಕೆಯ ಓಕ್ ಮರದ ಆರಡಿ ವ್ಯಾಸದ ವೃತ್ತವೊಂದನ್ನು ಕತ್ತರಿಸಿ ತಂದು ಹೊಸ ವೇದಿಕೆಯಲ್ಲಿ ಕೂರಿಸಿದ್ದಾರೆ.

ಮಧ್ಯಮತರಂಗ

ಜಾಹೀರಾತಿನ ವ್ಯವಸ್ಥೆಯನ್ನೂ ಸೇರಿಸಬೇಕು. ಶನಿವಾರದ ರಾತ್ರಿಯನ್ನು ಕಾಲು, ಅರ್ಧ ಗಂಟೆಯ ತುಂಡು ಮಾಡಿ, ತುಂಡಿಗೊಬ್ಬ ಪ್ರಾಯೋಜಕ, ಒಬ್ಬ ನಿರೂಪಕ. ಪ್ರಿನ್ಸ್ ಆಲ್ಬರ್ಟ್ ತಂಬಾಕಿನ ಅರ್ಧ ಗಂಟೆ 1939ರಲ್ಲಿ ಎನ್‌ಬಿಸಿ ಜಾಲಕ್ಕೆ ಹೋಯಿತು, ಗಾಯಕ ರಾಯ್ ಎಕಫ್ ಅಲ್ಲಿಂದಲೇ ದೇಶಕ್ಕೆ ಪರಿಚಯ. ಮಾರ್ಥಾ ವೈಟ್ ಮೈದಾಹಿಟ್ಟು 1940ರ ದಶಕದ ಕೊನೆಯಿಂದ ಇದೆ. ಓಪ್ರಿ ಕೊಡುತ್ತಿದ್ದ ಸಂಭಾವನೆ ಹೊಟ್ಟೆಗೆ ಸಾಲುತ್ತಿರಲಿಲ್ಲ. 'ಓಪ್ರಿಯ ಕಲಾವಿದ' ಎಂಬ ಹೆಸರು ಹೊತ್ತು ವಾರವಿಡೀ ಬೇರೆ ಊರಲ್ಲಿ ಹಾಡಿ ದುಡಿದು, ಶನಿವಾರ ಎಷ್ಟೇ ದೂರವಿದ್ದರೂ ವಾಪಸ್ ಬರಬೇಕು. ಬರದಿದ್ದರೆ ಕೆಲಸ ಹೋಯಿತು. 1952ರ ಆಗಸ್ಟ್‌ನಲ್ಲಿ ಹ್ಯಾಂಕ್ ವಿಲಿಯಮ್ಸ್‌ರನ್ನು ತೆಗೆದದ್ದರಲ್ಲಿ ಕುಡಿತದ ಜೊತೆ ಇದೂ ಸೇರಿತ್ತು.

ಅದೇ 1952ರಲ್ಲಿ ಓಪ್ರಿ ಹುಟ್ಟುಹಬ್ಬಕ್ಕೆ ಡಿಸ್ಕ್ ಜಾಕಿಗಳನ್ನು ಕರೆದರು. ಆ ಕೂಟದಿಂದ ಡಿಜೆಗಳ ಸಂಘ, ಅದರಿಂದ 1958ರಲ್ಲಿ ಕಂಟ್ರಿ ಮ್ಯೂಸಿಕ್ ಅಸೋಸಿಯೇಷನ್. 1957ರಿಂದ 1972ರವರೆಗೆ ರಾಲ್ಫ್ ಎಮರಿ ಅವರ ರಾತ್ರಿಪಾಳಿ, ಲಾರಿ ಚಾಲಕರ ನೆಚ್ಚಿನದು. ದಿನವಿಡೀ ಕಂಟ್ರಿ ಬಂದದ್ದು ಇದೆಲ್ಲ ಆದ ಮೇಲೆ. ಆದ್ದರಿಂದ ನನ್ನ ಮೊದಲ ಮಾತಿಗೆ ನಾನು ಬದ್ಧ.

ಹಳೇರೆಕಾರ್ಡು

ಕೊನೆಯ ಭಾಗವನ್ನು ಬೇಗ ಮುಗಿಸುತ್ತೇನೆ, ಅದರಲ್ಲಿ ಕಂಪನಿಗಳ ಕೈಬದಲಾವಣೆಯೇ ಜಾಸ್ತಿ. 1980ರಲ್ಲಿ ಕ್ಲಿಯರ್ ಚಾನೆಲ್ ರಕ್ಷಣೆಯನ್ನು ಸುಮಾರು 750 ಮೈಲಿಗೆ ಇಳಿಸಿದರು. 1983ರಲ್ಲಿ ಕೇಂದ್ರವನ್ನು ಗೇಲಾರ್ಡ್ ಕಂಪನಿ ಕೊಂಡಿತು, ಅದರದೇ ಮುಂದುವರಿಕೆ ಇಂದಿನ ರೈಮನ್ ಹಾಸ್ಪಿಟಾಲಿಟಿ. 2002ರ ಆರಂಭದಲ್ಲಿ ಕೇಂದ್ರವನ್ನು ಕ್ರೀಡಾ ಹರಟೆಗೆ ಬದಲಿಸುವ ಆಲೋಚನೆ ಹೊರಬಿದ್ದು, ಕೇಳುಗರು ಬೀದಿಗಿಳಿದರು, ಕೈಬಿಟ್ಟರು.

2010ರ ಮೇ ಪ್ರವಾಹದಲ್ಲಿ ಎರಡು ದಿನಕ್ಕೆ 13 ಇಂಚಿಗೂ ಹೆಚ್ಚು ಮಳೆ. ಕಂಬರ್‌ಲ್ಯಾಂಡ್ ನದಿ ಉಕ್ಕಿ ಓಪ್ರಿ ವೇದಿಕೆಯ ಮೇಲೆ ನಾಲ್ಕಡಿಯಷ್ಟು ನೀರು. ಓಪ್ರಿಲ್ಯಾಂಡ್ ಹೋಟೆಲಿನಲ್ಲಿದ್ದ ಸ್ಟುಡಿಯೋ ಬಿಟ್ಟು ಬ್ರೆಂಟ್‌ವುಡ್‌ನ ಪ್ರೇಷಕ ಕಟ್ಟಡದಿಂದ ಪ್ರಸಾರ ಮಾಡಿದರು. ಗೋಪುರ ಊರಾಚೆ ಇದ್ದದ್ದು ಕೈಹಿಡಿಯಿತು. ಓಪ್ರಿ ವಾರ್ ಮೆಮೋರಿಯಲ್, ರೈಮನ್ ಮುಂತಾದ ಕಡೆ ನಡೆದು ಸೆಪ್ಟೆಂಬರ್ 28ಕ್ಕೆ ಮನೆಗೆ ಮರಳಿತು.

ಒಂದಾಣೆಟಿಕೆಟ್

ಊರಿಂದ ತಂದ ಡಿಜಿಟಲ್ ಟ್ರಾನ್ಸಿಸ್ಟರ್‌ನಲ್ಲಿ ಅಮೆರಿಕದಲ್ಲಿ 650 ಸರಿಯಾಗಿ ನಿಲ್ಲುವುದಿಲ್ಲ ಎಂಬ ದೂರು ಇದೆ. 648, 657 ಅಂತ ಜಿಗಿಯುತ್ತದಂತೆ. ಮತ್ತೆ ಬೆಂಗಳೂರಿನಲ್ಲಿ ಕೇಳಲು ದಾರಿ?

ಕೆಂಟಕಿಕನ್ನಡಿಗ

ಸೆಟ್ಟು ಕೆಟ್ಟಿಲ್ಲ. ಭಾರತದಲ್ಲಿ ಮಧ್ಯಮ ತರಂಗದ ಚಾನೆಲ್‌ಗಳ ನಡುವಿನ ಹೆಜ್ಜೆ 9 ಕಿಲೋಹರ್ಟ್ಸ್, ಅಮೆರಿಕದಲ್ಲಿ 10. ಹಿಂಬದಿಯಲ್ಲೋ ಬ್ಯಾಟರಿ ಗೂಡಿನಲ್ಲೋ 9/10 ಎಂಬ ಸ್ವಿಚ್ ಇರುತ್ತದೆ, ಕೆಲವದರಲ್ಲಿ ಆಫ್ ಮಾಡಿ ಒಂದು ಗುಂಡಿ ಒತ್ತಿ ಹಿಡಿಯಬೇಕು. ಬದಲಿಸಿದ ಮೇಲೆ ಮೆಮೊರಿಯಲ್ಲಿದ್ದ ಕೇಂದ್ರಗಳು ಸಾಮಾನ್ಯವಾಗಿ ಅಳಿಸಿಹೋಗುತ್ತವೆ. ಮುಳ್ಳಿನ ಡಯಲ್ ಸೆಟ್ಟಿಗೆ ಈ ತಾಪತ್ರಯ ಇಲ್ಲ.

ದುರ್ಬಲವಾಗಿ ಬರುವ ಕಡೆ ಒಂದು ಲೂಪ್ ಆಂಟೆನಾ ಕಟ್ಟಿ. 60 ಸೆಂ.ಮೀ. ಪಕ್ಕದ ಚೌಕ ಮರದ ಚೌಕಟ್ಟು, ಅದರ ಮೇಲೆ ಹುಕ್-ಅಪ್ ವೈರ್ 14 ಸುತ್ತು, ಸುತ್ತಿನ ನಡುವೆ 6 ಮಿ.ಮೀ. ಅಂತರ. ವೈರ್ ಸುಮಾರು 34 ಮೀಟರ್ ಬೇಕು, 35 ತನ್ನಿ. ಇಂಡಕ್ಟನ್ಸ್ ಸುಮಾರು 250 ಮೈಕ್ರೋಹೆನ್ರಿ ಬರುತ್ತದೆ. ಎರಡು ತುದಿಗೆ ಹಳೆ ರೇಡಿಯೋದ 365 ಪಿಕೋಫ್ಯಾರಡ್ ಗ್ಯಾಂಗ್‌ನ (ತಿರುಗಿಸುವ ಟ್ಯೂನಿಂಗ್ ಕೆಪಾಸಿಟರ್) ಒಂದು ವಿಭಾಗ ಬೆಸುಗೆ ಹಾಕಿ. 650ಕ್ಕೆ ಸುಮಾರು 240 ಪಿಕೋಫ್ಯಾರಡ್ ಸಾಕು, ಅಂದರೆ ಗ್ಯಾಂಗ್ ಮೂರನೇ ಎರಡು ಭಾಗದಷ್ಟು ಮುಚ್ಚಿರುತ್ತದೆ. ರೇಡಿಯೋಗೆ ಯಾವ ವೈರೂ ಸಿಗಿಸಬೇಡಿ. ಒಳಗಿನ ಫೆರೈಟ್ ಕಡ್ಡಿ ಲೂಪಿನ ಸಮತಲಕ್ಕೆ ಅಡ್ಡವಾಗಿ, ಅದರೊಳಗೆ ತೂರುವ ದಿಕ್ಕಿನಲ್ಲಿ ಇರುವಂತೆ ಪಕ್ಕದಲ್ಲಿಟ್ಟು ಗ್ಯಾಂಗ್ ತಿರುಗಿಸಿ, ಸದ್ದು ಥಟ್ಟನೆ ಏರುತ್ತದೆ.

ಕೆಡುವುದು ಎಲ್ಲಿ? ವೈರನ್ನು ಒತ್ತೊತ್ತಾಗಿ ಸುತ್ತಿದರೆ ಸುತ್ತುಗಳ ನಡುವಿನ ಕೆಪಾಸಿಟನ್ಸ್ ಜೊತೆಗೆ ಇಂಡಕ್ಟನ್ಸೂ ಏರಿ, ಪಟ್ಟಿಯ ಮೇಲ್ತುದಿ ಸಿಗುವುದಿಲ್ಲ. 650ಕ್ಕೆ ಮಾತ್ರ ಬೇಕಿದ್ದರೆ ಅಷ್ಟು ತೊಂದರೆಯಿಲ್ಲ. ಲೂಪಿನ ಅಂಚು ನ್ಯಾಶ್‌ವಿಲ್ ಕಡೆ ಇರಬೇಕು, ಮುಖ ಅಲ್ಲ. ಮುಖ ತಿರುಗಿಸಿದರೆ ಸಂಕೇತ ಸಾಯುತ್ತದೆ. ಆ ಗುಣವನ್ನೇ ಬಳಸಿ ಮನೆಯೊಳಗಿನ ಗದ್ದಲವನ್ನು ಕೊಲ್ಲಬಹುದು. ಗದ್ದಲದ ಮೂಲ ಸಾಮಾನ್ಯವಾಗಿ ಎಲ್‌ಇಡಿ ಬಲ್ಬು, ಫೋನ್ ಚಾರ್ಜರ್, ಲ್ಯಾಪ್‌ಟಾಪ್ ಅಡಾಪ್ಟರ್. ಒಂದೊಂದಾಗಿ ಪ್ಲಗ್ ಕಿತ್ತು ನೋಡಿ, ರೇಡಿಯೋವನ್ನು ಬ್ಯಾಟರಿಯಲ್ಲೇ ನಡೆಸಿ. ರಾತ್ರಿ ದೀರ್ಘವಾಗಿರುವ, ಸಿಡಿಲು ಕಡಿಮೆ ಇರುವ ನವೆಂಬರ್‌ನಿಂದ ಫೆಬ್ರುವರಿ ಅತ್ಯುತ್ತಮ.

ಗೈತಂತಿಯವರು ಹೇಳಿದ ಆ ಅಳಿಸಾಟದ ಉಂಗುರ ಈಗಲೂ ಪೂರ್ತಿ ಹೋಗಿಲ್ಲ. ಗೋಪುರ ಕತ್ತರಿಸಿದ್ದು ಅದನ್ನು ದೂರ ತಳ್ಳಿತು ಅಷ್ಟೆ. ಇಂಥ ಆಂಟೆನಾಗಳಿಗೆ ಸಾಮಾನ್ಯವಾಗಿ 100ರಿಂದ 200 ಕಿ.ಮೀ. ನಡುವೆ ರಾತ್ರಿ ಧ್ವನಿ ಒಡೆಯುತ್ತದೆ, ಅದಕ್ಕಿಂತ ದೂರ ಹೋದರೆ ಆಕಾಶದ ಅಲೆಯೊಂದೇ ಉಳಿದು ಮತ್ತೆ ಚೆನ್ನಾಗುತ್ತದೆ. ಅಲ್ಲಿ ಸೆಟ್ಟು ಬದಲಿಸಿ ಪ್ರಯೋಜನವಿಲ್ಲ. ಸಿಂಕ್ರೊನಸ್ ಡಿಟೆಕ್ಟರ್ ಇರುವ ಗ್ರಾಹಕ ಮಾತ್ರ ಸ್ವಲ್ಪ ಸುಧಾರಿಸುತ್ತದೆ, ಏಕೆಂದರೆ ಕುಸಿದ ವಾಹಕದ ಬದಲು ತನ್ನದನ್ನೇ ಹಾಕಿಕೊಳ್ಳುತ್ತದೆ.

ಬೆಂಗಳೂರಿನಲ್ಲಿ ಗಾಳಿಯಿಂದ ಹಿಡಿಯುವ ಆಸೆ ಬಿಡಿ. ಕೇಂದ್ರದ ಆನ್‌ಲೈನ್ ಪ್ರಸಾರ ಇದೆ. ಗಾಳಿಯ ಸದ್ದೇ ಬೇಕು ಅಂದರೆ ಅಮೆರಿಕದ ಪೂರ್ವಭಾಗದಲ್ಲಿ ಸಾರ್ವಜನಿಕರಿಗೆ ತೆರೆದಿರುವ ಕಿವಿ-ಎಸ್‌ಡಿಆರ್ (KiwiSDR) ಎಂಬ ಇಂಟರ್‌ನೆಟ್ ರೇಡಿಯೋ ಗ್ರಾಹಕವನ್ನು ಬ್ರೌಸರ್‌ನಲ್ಲಿ ತೆಗೆದು 650 ಕೊಡಿ, ಎಎಂ ಆರಿಸಿ. ಅಲ್ಲಿ ರಾತ್ರಿ ಇರಬೇಕು ಅನ್ನುವುದನ್ನು ಮರೆಯಬೇಡಿ. ಶನಿವಾರ ಸಂಜೆ 7ರ ಓಪ್ರಿ ನಮ್ಮಲ್ಲಿ ಭಾನುವಾರ ಬೆಳಗ್ಗೆ: ಅವರ ಚಳಿಗಾಲದಲ್ಲಿ 6.30ಕ್ಕೆ, ಮಾರ್ಚ್‌ನಲ್ಲಿ ಗಡಿಯಾರ ಮುಂದೆ ಹಾಕಿದ ಮೇಲೆ ನವೆಂಬರ್ ಮೊದಲ ಭಾನುವಾರದವರೆಗೆ 5.30ಕ್ಕೆ. ಬೇಸಿಗೆಯಲ್ಲಿ ಅಲ್ಲಿ 7 ಗಂಟೆಗೆ ಇನ್ನೂ ಬೆಳಕಿರುತ್ತದೆ, ದೂರದ ಎಸ್‌ಡಿಆರ್‌ನಲ್ಲಿ ಮೊದಲ ಒಂದು ಗಂಟೆ ಗೊರಗೊರ ಅಂದೀತು. ನ್ಯಾಶ್‌ವಿಲ್‌ಗೆ 80 ಕಿ.ಮೀ. ಒಳಗಿನ ಗ್ರಾಹಕ ಆರಿಸಿಕೊಂಡರೆ ಆ ತೊಂದರೆ ಇರುವುದಿಲ್ಲ.